ಸುಣ್ಣ ಬಳಿದ ಮನಿಯ ಕಬ್ಜಾ

ಎಂಬತ್ತರ ದಶಕದ ನಡುವಿನ ಮಾತು. ನಾ ವಕೀಲಕಿ ಸುರು ಮಾಡಿ ಎರಡು ವರ್ಷ ಆಗಿತ್ತು. ಅಫಜಲಪುರದ ಕೋರ್ಟಿನ್ಯಾಗ ಹಿರೇ ವಕೀಲರಿಗೆ ಬ್ಯಾಡಾದ ಕೆಲಸ ನಮ್ಮಂಥ ಹೊಸಬರ ಕೊರಳಿಗೆ ಬೀಳ್ತಿತ್ತು. ಅದರಾಗ ಕಮಿಷನರಕಿ ಒಂದು. ತಕರಾರಿನ ಜಾಗಕ್ಕ ಹೋಗೋದು, ಅಲ್ಲಿ ಏನು ಕಾಣ್ತದ ಅದನ್ನ ಬರದು ಕೋರ್ಟಿಗೆ ಒಪ್ಪಸೋದು. ಕಂಡದ್ದಷ್ಟೇ. ಮಂದಿ ಮಾತು ಕೇಳಿ ಒಂದಕ್ಷರ ಬರೀಬಾರದು. ನನಗ ಭಾಳ ಸೊಕ್ಕಿತ್ತು, ಕೋರ್ಟಿನ ಕಣ್ಣೇ ನಾನು ಅಂತ ತಿರಗತಿದ್ದೆ.

ಗೊಬ್ಬೂರಿನ ಕಡಿ ಒಂದು ಹಳ್ಳ್ಯಾಗ ಒಬ್ಬಾಕಿ ವಿಧವೆ, ಒಂದು ಅಂಕಣದ ಮನಿ. ಗಂಡ ಸತ್ತ ಮ್ಯಾಲ ಮೈದುನ, "ಈಕಿ ಇಲ್ಲಿ ಇರೋದೇ ಇಲ್ಲ, ಮನಿ ನನ್ನ ಕಬ್ಜಾದಾಗ ಅದ" ಅಂತ ತಕರಾರು ತಗದಿದ್ದ. ಆಕಿ ತಡೆಯಾಜ್ಞೆ ಕೇಳಿ ಕೋರ್ಟಿಗೆ ಬಂದಿದ್ದಳು. ಮನ್ಯಾಗ ಇರೋರು ಯಾರು ಅನ್ನೋದೊಂದೇ ಪ್ರಶ್ನೆ. ಆ ಮನಿ ಹೋದ್ರ ಆಕಿಗೆ ಬ್ಯಾರೆ ಸೂರಿರಲಿಲ್ಲ, ತವರಾಗ ಯಾರೂ ಉಳದಿರಲಿಲ್ಲ. ನಾ ಬರೋ ದಿನದ ನೋಟೀಸು ಎರಡೂ ಕಡಿಯವರಿಗೆ ಮೊದಲೇ ಮುಟ್ಟಿತ್ತು.

ನಾ ಹೋದಾಗ ಆಕಿ ಬಾಗಲದಾಗ ನಿಂತು ಕೈ ಮುಗದಳು. ಒಳಗ ಕಾಲಿಟ್ಟೆ. ಖಾಲಿ! ಗೋಡಿಗೆ ಹಸಿ ಸುಣ್ಣ, ನೆಲಕ್ಕ ಹಸಿ ಹೆಂಡಿ ಸಾರಣಿ. ಒಲಿ ಇಲ್ಲ, ಕೊಡ ಇಲ್ಲ, ಹಾಸಿಗಿ ಇಲ್ಲ, ಹಿತ್ತಲದಾಗ ಎಮ್ಮಿ ಇಲ್ಲ. ನಡುವ ಒಂದು ಹೊಸಾ ಚಾಪಿ, ನನಗಂತ ಒಂದು ತಂಬಿಗಿ ನೀರು.

"ಸಾಮಾನೆಲ್ಲಾ ಎಲ್ಲಿ ಬೇ?"

"ಎದುರು ಮನ್ಯಾಗ ಇಟ್ಟೇನ್ರಿ. ಎಮ್ಮಿನೂ ಅಲ್ಲೇ ಕಟ್ಟೇನ್ರಿ. ಒಲಿ ಕರ್ರಗಾಗಿತ್ತು, ಒಡದು ಸಾರಿಸೇನಿ. ಕೋರ್ಟಿನವರು ಬರ್ತಾರಂದ್ರ ಗಲೀಜು ತೋರಸ್ಲೇನ್ರಿ?"

ಬೀಗರು ಬರ್ತಾರಂದ್ರ ನಮ್ಮ ಕಡಿ ಹೆಣ್ಮಕ್ಕಳು ಮಾಡೋದು ಇದನ್ನೇ. ನಮ್ಮವ್ವನೂ ಮಾಡ್ತಿದ್ದಳು. ಆದ್ರೂ ನನಗ ಸಿಟ್ಟು ನೆತ್ತಿಗೇರಿತು. "ಕಾಲ ಮ್ಯಾಲ ಕಲ್ಲು ಹಾಕ್ಕೊಂಡೆಲ್ಲ ಬೇ!" ಅಂತ ಚೀರಿದೆ. ಆಕಿ ಹೆದರಿ ನೆಲ ನೋಡಿದಳು. "ಎಲ್ಲೆರ ಕಸ ಉಳದದೇನ್ರಿ?" ಅಂದಳು.

ಅಂಗಳದಾಗ ಮೈದುನ ತನ್ನ ಎತ್ತು ಕಟ್ಟಿದ್ದ. ಆವತ್ತೇ ಮುಂಜಾನಿ ತಂದು ಕಟ್ಟಿದ್ದಾನಂತ ಕುರುಡನಿಗೂ ತಿಳೀತಿತ್ತು, ಎತ್ತಿನ ಕಾಲಾಗ ಒಂದು ಹಿಡಿ ಹೆಂಡಿ ಸೈತ ಇರಲಿಲ್ಲ. ಎದುರು ಮನಿಗೆ ಹೋಗಿ ಆಕಿ ಸಾಮಾನರ ನೋಡಿ ಬರೋಣಂತ ಹೊಂಟೆ. ಮೈದುನನ ವಕೀಲರು ಅಡ್ಡ ಬಂದರು. ನನಗಿಂತ ಇಪ್ಪತ್ತು ವರ್ಷ ಹಿರಿಯರು.

"ಸಾಹೇಬ್ರ, ಹುಕುಮಿನ್ಯಾಗ ಈ ಮನಿ ಚೆಕ್ಕುಬಂದಿ ಅಷ್ಟೇ ಅದ. ಆಚಿ ಮನಿ ನಿಮಗ್ಯಾಕ್ರಿ?"

ಖರೆ ಇತ್ತು. ಹಾಳಾದ್ದು, ಖರೆ ಇತ್ತು ಅವರ ಮಾತು. ಆಕಿ ವಕೀಲ ಅಂತೂ ಬಂದೇ ಇರಲಿಲ್ಲ.

ಆಕಿ ಹಾಸಿದ ಚಾಪಿ ಮ್ಯಾಲೇ ಕುಂತು ಬರದೆ. ಒಲಿ ಕಾಣಲಿಲ್ಲ. ಪಾತ್ರೆ ಕಾಣಲಿಲ್ಲ. ಅಂಗಳದಾಗ ಪ್ರತಿವಾದಿಯ ಎರಡು ಎತ್ತು ಅವ. ಸುಣ್ಣ ಹಸಿ ಅದ, ಎತ್ತಿನ ಕಾಲಾಗ ಹೆಂಡಿ ಇಲ್ಲ ಅಂತನೂ ಬರದೆ, ಅಷ್ಟೇ ನನ್ನ ಕೈಲಾದದ್ದು. ಆಕಿ ಖುಷಿಲೇ ಹೆಬ್ಬಟ್ಟು ಒತ್ತಿದಳು. "ಬರೋಬ್ಬರಿ ಬರದೀರಿಲ್ರಿ?" ಅಂತ ಕೇಳಿದಳು. "ಕಂಡದ್ದು ಬರದೇನಿ" ಅಂದೆ. ಆಕಿ ಕೊಟ್ಟ ನೀರು ಕುಡದು ಎದ್ದೆ.

ಕೋರ್ಟಿನ್ಯಾಗ ಆ ಹಿರೇ ವಕೀಲರು ನನ್ನ ಹಸಿ ಸುಣ್ಣವನ್ನೇ ಹಿಡಕೊಂಡರು. "ಮನಿ ತನ್ನದು ಅಂತಲೇ ನಮ್ಮ ಕಕ್ಷಿದಾರ ಸುಣ್ಣ ಹೊಡಸ್ಯಾನ್ರಿ" ಅಂತ ವಾದ ಮಾಡಿದರು. ನಾ ಹಿಂದಿನ ಬೆಂಚಿನ್ಯಾಗ ಕುಂತು ಹಲ್ಲು ಕಡಿಯಾಕತ್ತಿದ್ದೆ. ವರದಿ ಒಪ್ಪಿಸಿದ ಮ್ಯಾಲ ಕಮಿಷನರಗ ಬಾಯಿ ಎಲ್ಲದ? ತಡೆಯಾಜ್ಞೆ ಸಿಗಲಿಲ್ಲ. ವಾರದಾಗ ಮೈದುನ ಮನಿಗೆ ಕೀಲಿ ಜಡದ.

ಮುಂದಿನ ತಾರೀಖಿಗೆ ಆಕಿ ಕೋರ್ಟಿನ ಅಂಗಳದಾಗ ನನ್ನ ತಡದು ನಿಲ್ಲಿಸಿದಳು. "ನಾ ಏನ್ ತಪ್ಪು ಮಾಡಿದ್ನಿರಿ ಸಾಹೇಬ್ರ? ನಿಮ್ಮ ಕೋರ್ಟಿಗೆ ನಾ ಏನ್ ಕಡಿಮಿ ಮಾಡಿದ್ನಿ?"

ಒಲಿ ಒಡದದ್ದೇ ತಪ್ಪು ಬೇ ಅನ್ನಾಕ ಬಾಯಿ ತಗದೆ. ಹಂಗ ಅಂದುಬಿಟ್ರ ಮನಿ ಕಳಕೊಂಡದ್ದು ತನ್ನ ಕೈಲೇ ಅಂತ ಆಕಿಗೆ ತಿಳೀತದ. ಉಳದ ಜಲ್ಮ ಅದನ್ನ ಹೊತ್ತು ತಿರಗತಾಳ.

"ನಿಂದೇನೂ ತಪ್ಪಿಲ್ಲವ್ವ. ನಾನೇ ತಪ್ಪು ಬರದೆ" ಅಂದೆ.

ಆಕಿ ನನ್ನ ಮಾರಿ ನೋಡಿದಳು. ಬಗ್ಗಿ ಒಂದು ಹಿಡಿ ಮಣ್ಣು ತಗೊಂಡು ನನ್ನ ಮ್ಯಾಲ ತೂರಿದಳು. "ನಿನ್ನ ಮನಿ ಹಾಳಾಗ್ಲಿ" ಅಂದಳು.

ಕೋಟಿನ ಮ್ಯಾಲಿನ ಮಣ್ಣು ಝಾಡಸದೇ ಹಂಗೇ ಕೋರ್ಟಿನೊಳಗ ಹೋದೆ.