ಬೆತ್ತ ಯಾರ ಮನೆಯಲ್ಲಿದೆ?

ಆ ದಿನಗಳಲ್ಲಿ ನಮ್ಮ ರನ್ನ ಬೆಳಗಲಿಯಲ್ಲಿ ದನದ ಗಂಟಲಿಗೆ ಏನಾದರೂ ಸಿಕ್ಕಿಕೊಂಡರೆ ಊರಿಗೆಲ್ಲ ಒಂದೇ ಬೆತ್ತ. ಮಾರುದ್ದದ, ಬಳುಕುವ ಬೆತ್ತ; ತುದಿಗೆ ಬಟ್ಟೆಯ ಉಂಡೆ. ಎಣ್ಣೆ ಸವರಿ ಬಾಯಿಯೊಳಗೆ ಇಳಿಸಿ, ಸಿಕ್ಕಿದ್ದನ್ನು ಮೆಲ್ಲಗೆ ಹೊಟ್ಟೆಗೆ ನೂಕುತ್ತಿದ್ದರು. ಯಾರ ದನ ಉಳಿಯಿತೋ ಅವರು ಅದನ್ನು ತೊಳೆದು, ಹೊಸ ಬಟ್ಟೆ ಸುತ್ತಿ, ಮುಂದಿನವರು ಬರುವ ತನಕ ಇಟ್ಟುಕೊಳ್ಳಬೇಕು. ಕೇಳಲು ದನದ ಮಾಲೀಕನೇ ಹೋಗಬೇಕು.

ನಾನಾಗ ಶಾಲೆಯಲ್ಲಿ ನಾಲ್ಕನೆಯ ಇಯತ್ತೆ. ಚಳಿಗಾಲ. ಒಲೆಯ ಬೂದಿಯಲ್ಲಿ ಸುಟ್ಟ ಗೆಣಸಿನ ವಾಸನೆಗೆ ಮನೆಯೇ ಹಸಿದಿತ್ತು. ಪ್ರೀತಿ ಉಕ್ಕಿ, ಒಂದು ಹಸಿ ಗೆಣಸನ್ನು ಇಡಿಯಾಗಿ ನಮ್ಮ ಎಮ್ಮೆಯ ಬಾಯಿಗಿಟ್ಟೆ. ಗಳಿಗೆಯಲ್ಲೇ ಅದು ಕುತ್ತಿಗೆ ಚಾಚಿ ಜೊಲ್ಲು ಸುರಿಸತೊಡಗಿತು, ಎಡಹೊಟ್ಟೆ ಉಬ್ಬಿತು. ಅಳುತ್ತಲೇ ತಪ್ಪು ಒಪ್ಪಿಕೊಂಡೆ.

"ಬೆತ್ತ ಕಾಶವ್ವನ ಮನ್ಯಾಗೈತಿ," ಎಂದಳು ಅವ್ವ.

ಅಪ್ಪನ ಮುಖ ಇಳಿಯಿತು. ಕಾಲುವೆ ನೀರಿನ ಪಾಳಿಗಾಗಿ ಜಗಳವಾಡಿ, ಪಕ್ಕದ ಹೊಲದ ಕಾಶವ್ವನೊಂದಿಗೆ ಮಾತು ಬಿಟ್ಟು ವರ್ಷವಾಗಿತ್ತು.

"ನಾ ಹೋಗಂಗಿಲ್ಲ."

"ಬ್ಯಾಡ ಬಿಡ್ರಿ. ಎಮ್ಮಿ ಸತ್ತ ಮ್ಯಾಲ ನಿಮ್ಮ ಸೊಕ್ಕ ಹಿಂಡ್ಕೊಂಡ ಕುಡೀರಿ!"

ಅಪ್ಪ ಓಡಿದ. ಹಿಂದೆ ನಾನು. ಕಾಶವ್ವ ಅಂಗಳದಲ್ಲಿ ಜೋಳ ಕೇರುತ್ತಿದ್ದಳು. ಅಪ್ಪ ಅಂಗಳದ ಅಂಚಿಗೇ ನಿಂತು ಎರಡು ಸಲ ಕೆಮ್ಮಿದ.

"ಯಾಕೋ ತಮ್ಮಾ, ನಿನ್ನ ಗಂಟಲದಾಗೂ ಏನರೆ ಸಿಕ್ಕೈತೇನು?"

"ಎಮ್ಮಿ ಸಾಯಾಕತ್ತೈತಿ... ಅಕ್ಕಾ."

ಅವಳು ಮೊರ ಬಿಟ್ಟೆದ್ದು, ಬೆತ್ತ ಎತ್ತಿಕೊಂಡು ನಮಗಿಂತ ಮುಂದೆ ನಡೆದಳು. "ಬಾ ಬಾ. ಒಬ್ಬರ ಕೈಲೆ ಆಗೂ ಕೆಲಸಲ್ಲ ಇದು."

ಅಪ್ಪ ಕೊಂಬು ಹಿಡಿದು ತಲೆ ಎತ್ತಿದ. ಕಾಶವ್ವ ಒಂದು ಕೈಯಿಂದ ಕುತ್ತಿಗೆಯ ಮೇಲಿನ ಗಂಟು ಮುಟ್ಟಿ ನೋಡುತ್ತ, ಇನ್ನೊಂದು ಕೈಯಿಂದ ಬೆತ್ತವನ್ನು ಬೆರಳು ಬೆರಳಷ್ಟೇ ಇಳಿಸಿದಳು. ನಾನು ಬೀರೇಶ್ವರನಿಗೆ ಇದ್ದಬದ್ದ ಹರಕೆಯನ್ನೆಲ್ಲ ಹೊತ್ತೆ. ಗಂಟು ಸರಿಯಿತು, ಮಾಯವಾಯಿತು. ಎಮ್ಮೆ ತೇಗಿದ ಸದ್ದಿಗೆ ಕೋಳಿಗಳು ಚದುರಿದವು.

ಚಹಾ ಬಸಿಗೆ ಸುರಿದುಕೊಂಡು ಕುಡಿಯುವಾಗ ಅಪ್ಪ ಅದನ್ನೇ ನೋಡುತ್ತ ಹೇಳಿದ: "ಈ ಸಲ ಹೊಲಕ್ಕ ನೀರು ನೀವಽ ಮೊದಲ ಹಾಸ್ಕೋರಿ."

"ಹೂಂ," ಎಂದಳು ಕಾಶವ್ವ, ಅಷ್ಟೇ. ಬೆತ್ತ ನಮ್ಮಲ್ಲೇ ಉಳಿಯಿತು.

ಈಗ ಫೋನ್ ಮಾಡಿದರೆ ದನದ ಡಾಕ್ಟರು ರಬ್ಬರ್ ನಳಿಗೆ ಹಿಡಿದು ಬರುತ್ತಾರೆ. ಎಮ್ಮೆಗಳು ಉಳಿಯುತ್ತವೆ; ಸಂತೋಷವೇ. ಆದರೆ ಮುನಿಸಿಕೊಂಡವರನ್ನು ಒಬ್ಬರ ಬಾಗಿಲಿಗೆ ಇನ್ನೊಬ್ಬರು ಹೋಗಲೇಬೇಕೆಂದು ನೂಕುವಂಥದ್ದು ಏನೂ ಉಳಿದಿಲ್ಲ. ಮುಧೋಳದಲ್ಲಿರುವ ತಂಗಿಯೊಂದಿಗೆ ಸಣ್ಣ ಮಾತಿಗೆ ಮಾತು ಬಿಟ್ಟು ನನಗೂ ವರ್ಷವಾಯಿತು. ಅವಳಿಂದ ನನಗೆ ಬೇಕಾದ್ದು ಏನೂ ಇಲ್ಲ, ಅವಳ ಹೊರತು. ನಾಳೆ ಮೊದಲ ಬಸ್ಸಿಗೆ ಹೋಗುತ್ತೇನೆ.