ಅಕ್ಕನ ಕಂಪ್ಯೂಟರಿಗೆ ನಾನು ಕಲಿಸಿದ ಸುಳ್ಳು

ಗುಬ್ಬಿಯಲ್ಲಿ ನನ್ನ ಅಕ್ಕನದು ಬ್ಲೌಸಿಗೆ ಕಸೂತಿ ಹಾಕಿಕೊಡುವ ಅಂಗಡಿ. ಕಂಪ್ಯೂಟರಿನಲ್ಲಿ ಡಿಸೈನ್ ಬಿಡಿಸಿದರೆ ಮಿಷನ್ ಅದನ್ನು ಹೊಲಿಯುತ್ತದೆ. ನಾನು ತುಮಕೂರಿನ ಸತ್ಯಮಂಗಲದ ಒಂದು ಫ್ಯಾಕ್ಟರಿಯಲ್ಲಿ ಕೆಲಸಕ್ಕಿದ್ದೆ. ಭಾನುವಾರ ಅಕ್ಕನಲ್ಲಿಗೆ ಹೋಗಿ, ಉಂಡು, ಅದೇ ಕಂಪ್ಯೂಟರಿನಲ್ಲಿ ಗುಂಡು ಹಾರಿಸುವ ಆಟ ಆಡುತ್ತಿದ್ದೆ. ಮೂವತ್ತು ದಾಟಿದವನಿಗೆ ಇದೇನು ಹುಚ್ಚು ಎಂದು ಬೈಯುತ್ತಿದ್ದಳು, ಬೇಡ ಅಂದವಳಲ್ಲ.

ಆಟದಲ್ಲಿ ಕಳ್ಳದಾರಿ ಹಿಡಿದೆ, ಸಿಕ್ಕಿಬಿದ್ದೆ. ಆ ಆನ್‌ಲೈನ್ ಆಟದ ಕಂಪನಿಯವರು ನನ್ನ ಹೆಸರನ್ನಷ್ಟೇ ಅಲ್ಲ, ಕಂಪ್ಯೂಟರನ್ನೇ ಹೊರಗಿಟ್ಟರು. ಹಾರ್ಡ್‌ಡಿಸ್ಕು, ಮದರ್‌ಬೋರ್ಡು, ನೆಟ್‌ವರ್ಕ್ ಕಾರ್ಡು, ಒಂದೊಂದಕ್ಕೂ ತಯಾರಾಗುವಾಗಲೇ ಕೊಟ್ಟ ನಂಬರ್ ಇರುತ್ತದೆ, ಅದನ್ನು ಓದಿಟ್ಟುಕೊಂಡಿದ್ದರು. ಹೊಸ ಹೆಸರಲ್ಲಿ ಹೋದರೂ ಬಿಡಲಿಲ್ಲ. ಆಗ ಸ್ಪೂಫರ್ ಎಂಬ ಸಾಫ್ಟ್‌ವೇರ್ ಹುಡುಕಿ ಹಾಕಿದೆ. ನಾನು ಹಾಕಿದ್ದು ಅಸಲಿ ನಂಬರನ್ನು ಮುಟ್ಟುತ್ತಿರಲಿಲ್ಲ. ವಿಂಡೋಸಿನ ಒಳಗೆ, ನಂಬರ್ ಕೇಳುವವರಿಗೂ ಆ ಬಿಡಿಭಾಗಕ್ಕೂ ನಡುವೆ ಕೂತು, ತಾನೇ ಒಂದು ಸುಳ್ಳು ನಂಬರ್ ಹೇಳುತ್ತಿತ್ತು. ಕಾಲೇಜಿನಲ್ಲಿ ಬಾರದ ಗೆಳೆಯನ ಹಾಜರಿಗೆ ನಾವು ‘ಎಸ್ ಸಾರ್’ ಅನ್ನುತ್ತಿದ್ದ ಹಾಗೆ. ಕಂಪ್ಯೂಟರ್ ಆನ್ ಆದಾಗಲೆಲ್ಲ ಅದೂ ಶುರುವಾಗುವಂತೆ ಮಾಡಿ, ಜಾಣನೆಂದು ಬೀಗಿದೆ.

ಅದು ಎಲ್ಲರಿಗೂ ಸುಳ್ಳು ಹೇಳುತ್ತದೆಂದು ಹೊಳೆದಿರಲಿಲ್ಲ. ಅಕ್ಕನ ಡಿಸೈನ್ ಸಾಫ್ಟ್‌ವೇರ್ ಕೂಡ ದಿನಾ ಬಿಡಿಭಾಗದ ನಂಬರ್ ನೋಡಿ, ಹಳೆಯದೇ ಆದರಷ್ಟೇ ತೆರೆಯುವಂಥದ್ದು. ಸೋಮವಾರ ತೆರೆಯಲಿಲ್ಲ. ಅದನ್ನು ಮಾರಿದ ತುಮಕೂರಿನ ಡೀಲರ್‌ಗೆ ಫೋನ್ ಮಾಡಿದರೆ, ಸ್ಕ್ರೀನಿನಲ್ಲಿ ಬಂದ ನಂಬರ್ ಓದಿಸಿಕೊಂಡು, ಇದು ಬೇರೆ ಕಂಪ್ಯೂಟರ್, ನೀವು ಸಾಫ್ಟ್‌ವೇರ್ ಕಾಪಿ ಹೊಡೆದಿದ್ದೀರಿ ಅಂದನಂತೆ. ಅಕ್ಕ ಮನೆದೇವರ ಮೇಲೆ ಆಣೆ ಮಾಡಿದಳು. ಅವನು ಫೋನ್ ಇಟ್ಟ.

ಸಂಜೆ ಅವಳು ಇದನ್ನೆಲ್ಲ ನನಗೆ ಫೋನಿನಲ್ಲಿ ಹೇಳಿದಾಗಲೇ ಕಾರಣ ಗೊತ್ತಾಯಿತು. ಕಳ್ಳಾಟದ ವಿಷಯ ಬಾಯಿಬಿಡಲು ನಾಚಿಕೆ. ಭಾನುವಾರ ಬಂದು ನೋಡುತ್ತೇನೆ ಅಂದೆ. ಅಷ್ಟರಲ್ಲಿ ಕುಣಿಗಲ್ಲಿನ ಮದುವೆ ಮನೆಯವರು ಕಸೂತಿಗೆ ಕೊಟ್ಟಿದ್ದ ಬಟ್ಟೆ ವಾಪಸ್ ಒಯ್ದರು. ಮಾಡಿದ್ದುಣ್ಣೋ ಮಹರಾಯ ಅನ್ನುತ್ತಾರೆ. ಇಲ್ಲಿ ಮಾಡಿದವನು ನಾನು, ಉಂಡವಳು ಅಕ್ಕ.

ಭಾನುವಾರ ಅವಳು ಒಲೆಯ ಮುಂದಿದ್ದಾಗ ಸ್ಪೂಫರ್ ತೆಗೆದುಹಾಕಿದೆ. ಡಿಸೈನ್ ಸಾಫ್ಟ್‌ವೇರ್ ತೆರೆದುಕೊಂಡಿತು. ಅಕ್ಕ ಕೈ ಒರೆಸಿಕೊಳ್ಳುತ್ತಲೇ ಡೀಲರ್‌ಗೆ ಫೋನ್ ಹಚ್ಚಿ, ಅದೇ ಕಂಪ್ಯೂಟರ್, ಈಗ ಹೇಗೆ ತೆರೆಯಿತು ಎಂದು ಕೇಳಿದಳು. ಅವನು ತಡವರಿಸಿ, ತಪ್ಪಾಯ್ತು ಮೇಡಂ ಅಂದ. ಅಕ್ಕನ ಕಣ್ಣು ತುಂಬಿತ್ತು. ನನ್ನ ಕಡೆ ತಿರುಗಿ, “ನೋಡ್ದಾ, ನಾನು ಕಳ್ಳಿ ಅಲ್ಲ ಅಂತ ಅವ್ನ ಬಾಯಲ್ಲೇ ಬಂತು” ಅಂದಳು.

ಆ ಸಂತೋಷ ನೋಡಿ ತಡೆಯಲಾಗಲಿಲ್ಲ. ಎಲ್ಲ ಹೇಳಿದೆ. ಅವಳು ಬೈಯಲಿಲ್ಲ. ಬೈದಿದ್ದರೆ ಹಗುರಾಗುತ್ತಿತ್ತು.

“ಆರು ದಿನ ಸುಮ್ನಿದ್ದೆಯಲ್ಲೋ,” ಅಂದಳು. “ಪಾಪ, ಅವ್ನು ಕಂಪ್ಯೂಟ್ರು ಹೇಳಿದ್ನ ನಂಬ್ದ. ನಾನು ಸುಮ್ನೆ ಅವ್ನ ಕೈಲಿ ತಪ್ಪೊಪ್ಪಿಸ್ದೆ.”

ಮತ್ತೆ ಡೀಲರ್ ನಂಬರ್ ಒತ್ತಿ ಫೋನನ್ನು ನನ್ನ ಕೈಗಿಟ್ಟಳು. ಆ ಕಡೆಯಿಂದ ಅವನು ಹೆದರಿದ ದನಿಯಲ್ಲಿ, “ಹೇಳಿ ಮೇಡಂ” ಅಂದ.