ಹಾತ್ಸು ಅಜ್ಜಿಯ ಹೊಲದ ಕಲ್ಲುಗಳು

ಉತ್ತರ ಜಪಾನಿನ ನಮ್ಮ ನುಮಾಸಾವಾ ಹಳ್ಳಿಯಲ್ಲಿ ಹಾತ್ಸು ಅಜ್ಜಿಯ ಮೂಲಂಗಿ ಉಪ್ಪಿನಕಾಯಿ ತಿನ್ನದವರಿರಲಿಲ್ಲ. ಎರಡು ತುಂಡು ಹೊಲ, ಒಂದು ಗುದ್ದಲಿ. ಎಪ್ಪತ್ತು ವರ್ಷದ ಬದುಕು ಅಷ್ಟರಲ್ಲೇ ಸಾಗಿತ್ತು. ಹಳೆಯ ಕಾಲದ ಕುರುಹು ಹುಡುಕುವ ಕುಮಗಾಯಿ ಎಂಬಾತ ಮೇಲಿನ ಹೊಲವನ್ನು ಅಗೆಯಲು ಕೇಳಿದಾಗ, ಬೆಳೆದು ನಿಂತ ಮೂಲಂಗಿಯನ್ನೇ ಕಿತ್ತು ಜಾಗ ಕೊಟ್ಟರು.

ಕುಮಗಾಯಿ ಆಳದ ಮಣ್ಣಿನಿಂದ ಕಲ್ಲಿನ ಆಯುಧಗಳನ್ನು ತೆಗೆದ. ಐದು ಲಕ್ಷ ವರ್ಷ ಹಳೆಯವು ಎಂದ. ನಮ್ಮ ದೇಶ ಯಾರಿಗೂ ಕಿರಿಯದಲ್ಲ ಎಂದು ಪತ್ರಿಕೆಗಳು ಬರೆದವು. ಊರ ಮೇಷ್ಟ್ರಾದ ನಾನೂ ಶಾಲೆಯ ಗೋಡೆಯ ಮೇಲೆ ಆ ಅಂಕಿಯನ್ನು ದಪ್ಪಕ್ಷರದಲ್ಲಿ ಬರೆಸಿದೆ. ಅಜ್ಜಿ ಕಲ್ಲುಗೊಡಲಿಯ ಆಕಾರದಲ್ಲಿ ಅಕ್ಕಿ ಕಡುಬು ಮಾಡಿ, ನೋಡಲು ಬಂದವರಿಗೆಲ್ಲ ಹಂಚಿದರು.

"ಮೇಷ್ಟ್ರೇ, ಪಟ್ಟಣಕ್ಕೆ ಕೊಟ್ಟ ನನ್ನ ನಾದಿನಿ ಇದನ್ನ ಕರಡಿಗಳ ಊರು ಅಂತಿದ್ಲು. ಈಗ ಬರಲಿ, ಬಾಯಿಗೆ ಕಡುಬು ತುರುಕ್ತೀನಿ!"

ಕಲ್ಲು ತೊಳೆಯುವ ಕೆಲಸ ಅಜ್ಜಿಯದೇ. ಒಂದು ದಿನ ಕಲ್ಲಿನ ಮೇಲೊಂದು ತುಕ್ಕಿನ ಗೆರೆ ಕಂಡು ಕುಮಗಾಯಿಗೆ ತೋರಿಸಿದರು. "ಇದು ಗುದ್ದಲಿ ತಾಗಿದ ಗುರುತಲ್ವೇನಪ್ಪಾ? ಅಷ್ಟು ಆಳಕ್ಕೆ ಯಾರ ಗುದ್ದಲಿ ಹೋಯ್ತು?"

ಅವನು ನಕ್ಕ. "ಮಣ್ಣಲ್ಲೇ ಕಬ್ಬಿಣ ಇರುತ್ತಜ್ಜಿ. ನಿಮ್ಮ ಹಿರೀಕರ ಮೇಲೆ ನಿಮಗೇ ಅನುಮಾನವಾ?"

ಅಜ್ಜಿ ನಾಚಿದರು. ಅಂದಿನಿಂದ ತುಕ್ಕು ಕಂಡರೆ ಇನ್ನಷ್ಟು ಗಟ್ಟಿಯಾಗಿ ಉಜ್ಜುತ್ತಿದ್ದರು.

ಒಂಬತ್ತು ವರ್ಷದ ಮೇಲೆ ವಿದ್ವಾಂಸರು ಕಲ್ಲುಗಳ ಮೇಲೆ ಉಳಿದಿದ್ದ ತುಕ್ಕಿನ ಗೆರೆಗಳನ್ನು ಭೂತಗನ್ನಡಿಯಲ್ಲಿ ಪರೀಕ್ಷಿಸಿ, ಗುದ್ದಲಿ ತಾಗಿದ ಗುರುತೇ ಎಂದರು. ಕಲ್ಲುಗಳನ್ನು ತಾನೇ ಹೂತಿಟ್ಟು ತಾನೇ ತೆಗೆದೆನೆಂದು ಕುಮಗಾಯಿ ಒಪ್ಪಿಕೊಂಡ.

ಕ್ಷಮೆ ಕೇಳಲು ಮಿಠಾಯಿ ಪೆಟ್ಟಿಗೆ ಹಿಡಿದು ಅಜ್ಜಿಯ ಮನೆಗೆ ಬಂದು ಚಾಪೆಗೆ ಹಣೆ ಮುಟ್ಟಿಸಿದ. ನಾನೂ ಅಲ್ಲಿದ್ದೆ.

"ಕಲ್ಲು ಎಲ್ಲಿಂದ ತಂದೆ?" ಅಜ್ಜಿ ಕೇಳಿದರು.

"ನಿಮ್ಮ ಕೆಳಗಿನ ಹೊಲದಿಂದ. ನಿಮ್ಮ ಗುದ್ದಲಿಗೆ ಎದ್ದು ಮೇಲೇ ಬಿದ್ದಿದ್ವು."

"ಹಾಗಾದ್ರೆ ಅವು ಸುಳ್ಳು ಕಲ್ಲಲ್ಲ?"

"ಅಲ್ಲಜ್ಜಿ. ಹಳೇ ಜನ ಮಾಡಿದ್ದೇ. ನಾಲ್ಕೈದು ಸಾವಿರ ವರ್ಷದ್ದು, ಅಷ್ಟೇ."

"ಅಷ್ಟೇ?" ಎಂದರು ಅಜ್ಜಿ. "ನನ್ನ ಹೊಲದ ಹಿರೀಕರು ನಿನಗೆ ಸಾಲಲಿಲ್ವೇನೋ? ಅವರನ್ನ ವಾಪಸ್ ಕೊಡು."

ಕೊಡಲು ಅವನಲ್ಲೇನೂ ಇರಲಿಲ್ಲ. ಅವನ ಮಾತು ನಂಬುವಂತಿಲ್ಲ, ಯಾವ ಕಲ್ಲು ಎಲ್ಲಿಯದೆಂದು ಇನ್ನು ಯಾರೂ ಹೇಳಲಾರರೆಂದು ವಿದ್ವಾಂಸರು ಎಲ್ಲವನ್ನೂ ಡಬ್ಬಿಗೆ ತುಂಬಿ ಒಯ್ದಿದ್ದರು. ಅಜ್ಜಿ ಮಿಠಾಯಿ ಪೆಟ್ಟಿಗೆಯನ್ನು ಅವನತ್ತಲೇ ತಳ್ಳಿದರು.

ಅವನು ಹೋದ ಮೇಲೆ, "ಮೇಷ್ಟ್ರೇ, ಆ ಗುರುತನ್ನ ಉಜ್ಜಿ ಅಳಿಸಿದ್ದು ನನ್ನ ಕೈಯೇ" ಎಂದರು. ಶಾಲೆಯ ಗೋಡೆ ನೆನಪಾಗಿ ನಾನು ತಲೆ ತಗ್ಗಿಸಿದೆ.

ಮೊದಲೆಲ್ಲ ಗುದ್ದಲಿಗೆ ಕಲ್ಲು ಠಣ್ಣೆಂದರೆ ಅಜ್ಜಿ ಬಗ್ಗಿ ಎತ್ತಿ ಬಿಸಿಲಿಗೆ ಹಿಡಿದು ನೋಡುತ್ತಿದ್ದರು. ಆಮೇಲೆ ಬದುಕಿದ್ದ ಮೂರು ವರ್ಷವೂ ಬಗ್ಗಲಿಲ್ಲ. ಗುದ್ದಲಿಯ ತುದಿಯಿಂದಲೇ ಕಲ್ಲನ್ನು ಬದುವಿಗೆ ಸರಿಸಿ ಮುಂದಕ್ಕೆ ಅಗೆಯುತ್ತಿದ್ದರು.